ತಾನು ಒಪ್ಪದ ವಿಶ್ವಕ್ಕೂ ಜಾಗ ಕೊಟ್ಟ ನಿರ್ದೇಶಕ

ಪುಣೆಯ ಕನ್ನಡ ಗೆಳೆಯರ ಒಂದು ಸಣ್ಣ ಸಭೆಯಲ್ಲಿ ಮಾಡಿದ ಉಪನ್ಯಾಸ ಇದು. ಬರೆಯುವಾಗ ಅಲ್ಲಲ್ಲಿ ಸ್ವಲ್ಪ ತಿದ್ದಿದ್ದೇನೆ, ಮಾತಿನ ಧಾಟಿಯನ್ನು ಹಾಗೇ ಬಿಟ್ಟಿದ್ದೇನೆ.

ಎಲ್ಲರಿಗೂ ನಮಸ್ಕಾರ. ಹೊರಗೆ ಮಳೆ ಹಿಡಿದಿದೆ. ಹಡಪ್ಸರ್‌ನಿಂದ, ಚಿಂಚವಾಡದಿಂದ ಬಸ್ಸು ಬದಲಿಸಿ ಬಂದವರಿದ್ದೀರಿ. ಬಂದಿದ್ದಕ್ಕೆ ತುಂಬಾ ಸಂತೋಷ.

ನಮ್ಮಲ್ಲಿ ಬಹಳ ಜನ ದಿನಾ ವಿದ್ಯಾಪೀಠ ಚೌಕದ ಟ್ರಾಫಿಕ್ಕಿನಲ್ಲಿ ನಿಲ್ಲುವವರು. ಅಲ್ಲಿಂದ ಸ್ವಲ್ಪ ಒಳಗೆ ಹೋದರೆ, ಪುಣೆ ವಿಶ್ವವಿದ್ಯಾಲಯದ ಆವರಣದಲ್ಲಿ, ಕಪ್ಪು ಕಲ್ಲಿನ ಗೋಡೆಗಳ ಒಂದು ಕಟ್ಟಡ ಇದೆ. ಪೂರ್ತಿ ಹೆಸರು ಉದ್ದ: ಖಗೋಳ ವಿಜ್ಞಾನ ಮತ್ತು ಖಗೋಳ ಭೌತಶಾಸ್ತ್ರದ ಅಂತರ ವಿಶ್ವವಿದ್ಯಾಲಯ ಕೇಂದ್ರ. ಊರಿನವರು ಕರೆಯುವುದು ಆಯುಕಾ ಅಂತ. ಅದನ್ನು ಕಟ್ಟಿದವರು ಜಯಂತ ವಿಷ್ಣು ನಾರಳೀಕರ. 2025ರ ಮೇ 20ರಂದು ಇದೇ ಪುಣೆಯಲ್ಲಿ ತೀರಿಕೊಂಡರು. 86 ವರ್ಷ ಆಗಿತ್ತು.

ಅವರ ಬಗ್ಗೆ ಬರೆದವರೆಲ್ಲ ಮೂರು ಮಾತು ಬರೆದರು. ದೊಡ್ಡ ವಿಜ್ಞಾನಿ, ಮಕ್ಕಳ ಪ್ರೀತಿಯ ಮೇಷ್ಟ್ರು, ಮರಾಠಿಯ ವಿಜ್ಞಾನ ಕಥೆಗಾರ. ಮೂರೂ ನಿಜ. ನನಗೆ ಬಹಳ ದೊಡ್ಡದು ಅನ್ನಿಸುವುದು ನಾಲ್ಕನೆಯ ಮಾತು. ವಿಶ್ವಕ್ಕೆ ಹುಟ್ಟು ಅನ್ನುವುದೇ ಇಲ್ಲ ಎಂದು ಈ ಮನುಷ್ಯ ಜೀವನವಿಡೀ ವಾದಿಸಿದರು. ಜಗತ್ತಿನ ಬಹುಪಾಲು ವಿಜ್ಞಾನಿಗಳು ಅದನ್ನು ಒಪ್ಪಲಿಲ್ಲ. ಅವರೇ ಕಟ್ಟಿದ ಸಂಸ್ಥೆಯಲ್ಲೂ ಹೆಚ್ಚಿನವರು ಒಪ್ಪಲಿಲ್ಲ. ಅಂಥವರನ್ನು ಅವರೇ ಕರೆದು ತಂದರು, ಕೋಣೆ ಕೊಟ್ಟರು, ವಿದ್ಯಾರ್ಥಿಗಳನ್ನು ಕೊಟ್ಟರು, ಬೆಳೆಯಲು ಬಿಟ್ಟರು. ವಿಶ್ವವಿದ್ಯಾಲಯ ನಡೆಸುವ ಕುಲಪತಿ ಹೇಗಿರಬೇಕು ಅಂದಾಗ ನನಗೆ ನೆನಪಾಗುವುದು ಇಂಥವರೇ. ಇವತ್ತು ಅದನ್ನೇ ಹೇಳಲು ಬಂದಿದ್ದೇನೆ.

ನಾನು ಖಗೋಳ ವಿಜ್ಞಾನಿ ಅಲ್ಲ. ಧಾರವಾಡದಲ್ಲಿ ಎಂಎಸ್ಸಿ ಮಾಡಿ, ಮದುವೆಯಾಗಿ ಪುಣೆಗೆ ಬಂದು, ಮೂವತ್ತು ವರ್ಷ ಭೌತಶಾಸ್ತ್ರ ಪಾಠ ಮಾಡಿದವಳು. ಆದರೆ ಆ ಕಪ್ಪು ಕಟ್ಟಡದ ಬಾಗಿಲು ನನ್ನಂಥವರಿಗಾಗಿಯೇ ತೆರೆದದ್ದು. ಅದನ್ನು ಆಮೇಲೆ ಹೇಳುತ್ತೇನೆ.

ನಾರಳೀಕರರು ಹುಟ್ಟಿದ್ದು ಕೊಲ್ಹಾಪುರದಲ್ಲಿ, 1938ರ ಜುಲೈ 19ರಂದು. ನಮ್ಮ ನಿಪ್ಪಾಣಿಯಿಂದ ಒಂದು ಗಂಟೆಯ ದಾರಿ. ಬೆಳೆದದ್ದು ಬನಾರಸ್‌ನಲ್ಲಿ. ಅಪ್ಪ ವಿಷ್ಣು ವಾಸುದೇವ ನಾರಳೀಕರ ಬನಾರಸ್ ಹಿಂದೂ ವಿಶ್ವವಿದ್ಯಾಲಯದಲ್ಲಿ ಗಣಿತ ವಿಭಾಗದ ಮುಖ್ಯಸ್ಥರು. ಅಮ್ಮ ಸುಮತಿ ಸಂಸ್ಕೃತ ಬಲ್ಲವರು. ಮನೆಯ ಗೋಡೆಗೆ ಮಕ್ಕಳಿಗಾಗಿ ಕಪ್ಪು ಹಲಗೆ ಹಾಕಿಸಿದ್ದರು. ಆ ಮನೆಯಲ್ಲಿದ್ದ ಸೋದರಮಾವ ಆ ಹಲಗೆಯ ಮೇಲೆ ಒಂದು ಗಣಿತದ ಲೆಕ್ಕ ಬರೆದು, ಜಯಂತನಿಗೆ ಸವಾಲು ಅಂತ ಮೇಲೆ ಹಾಕುತ್ತಿದ್ದರಂತೆ. ಲೆಕ್ಕ ಬಿಡಿಸುವ ತನಕ ಅದನ್ನು ಅಳಿಸುವ ಹಾಗಿಲ್ಲ. ಹುಡುಗ ಊಟಕ್ಕೆ ಹೋಗುವಾಗ ಲೆಕ್ಕ ಕಾಣಬೇಕು, ಆಡಿ ಬಂದಾಗ ಕಾಣಬೇಕು. ಉತ್ತರ ಹೇಳಿಕೊಡುವವರು ಯಾರೂ ಇಲ್ಲ, ಬೇಗ ಮಾಡು ಅನ್ನುವವರೂ ಇಲ್ಲ. ಮೇಷ್ಟ್ರಾದವಳಾಗಿ ಹೇಳುತ್ತೇನೆ, ಇದು ಸುಲಭ ಅಲ್ಲ. ಉತ್ತರ ಗೊತ್ತಿದ್ದೂ ಬಾಯಿ ಮುಚ್ಚಿಕೊಂಡಿರುವುದು ಕಲಿಸುವವರಿಗೆ ಬಹಳ ಕಷ್ಟದ ಕೆಲಸ.

ಮುಂದಿನ ಕೆಲವು ವರ್ಷ ಬರೀ ಬಹುಮಾನಗಳ ಪಟ್ಟಿ, ಬೇಗ ಹೇಳಿಬಿಡುತ್ತೇನೆ. 1957ರಲ್ಲಿ ಬಿಎಸ್ಸಿ. ಟಾಟಾ ವಿದ್ಯಾರ್ಥಿ ವೇತನದ ನೆರವಿನಿಂದ ಕೇಂಬ್ರಿಡ್ಜ್. 1959ರಲ್ಲಿ ಅಲ್ಲಿನ ಗಣಿತ ಪರೀಕ್ಷೆಯಲ್ಲಿ ಸೀನಿಯರ್ ರ‍್ಯಾಂಗ್ಲರ್, ಅಂದರೆ ಎಲ್ಲರಿಗಿಂತ ಮೇಲೆ. ಆಮೇಲೆ ಟೈಸನ್ ಪದಕ, ಸ್ಮಿತ್ಸ್ ಬಹುಮಾನ. 1963ರಲ್ಲಿ ಪಿಎಚ್‌ಡಿ. ಗುರು ಫ್ರೆಡ್ ಹಾಯ್ಲ್.

ಹಾಯ್ಲ್ ಹತ್ತಿರ ಸ್ವಲ್ಪ ನಿಲ್ಲಬೇಕು. ಅವರು ಒಪ್ಪಿದ ವಿಶ್ವದ ಚಿತ್ರವನ್ನು ಸ್ಥಿರ ಸ್ಥಿತಿ ಸಿದ್ಧಾಂತ ಅನ್ನುತ್ತಾರೆ. ನಮ್ಮ ಧಾರವಾಡದ ಸಂತೆಯನ್ನು ನೆನೆಸಿಕೊಳ್ಳಿ. ಬೆಳಿಗ್ಗೆಯಿಂದ ಜನ ಚೀಲ ತುಂಬಿಕೊಂಡು ಹೋಗುತ್ತಲೇ ಇರುತ್ತಾರೆ. ಆದರೂ ಸಂತೆ ಖಾಲಿ ಆಗುವುದಿಲ್ಲ, ಯಾಕೆಂದರೆ ಹೊಸಬರು ಬರುತ್ತಲೇ ಇರುತ್ತಾರೆ. ಮಧ್ಯಾಹ್ನ ನೋಡಿದರೂ ಅದೇ ಸಂತೆ, ಸಂಜೆ ನೋಡಿದರೂ ಅದೇ ಸಂತೆ. ಒಳಗಿನ ಮುಖಗಳು ಮಾತ್ರ ಬೇರೆ. ವಿಶ್ವವೂ ಹಾಗೇ ಅಂದರು ಹಾಯ್ಲ್. ಗೆಲಾಕ್ಸಿಗಳು, ಅಂದರೆ ನಕ್ಷತ್ರಗಳ ದೊಡ್ಡ ದೊಡ್ಡ ಗುಂಪುಗಳು, ಒಂದರಿಂದ ಒಂದು ದೂರ ಹೋಗುತ್ತಿರುವುದು ನಿಜ. ಆದರೆ ಖಾಲಿಯಾದ ಜಾಗದಲ್ಲಿ ಹೊಸ ವಸ್ತು ಹುಟ್ಟುತ್ತಾ ಇರುತ್ತದೆ. ಎಷ್ಟು ಹುಟ್ಟಬೇಕು? ಒಂದು ಘನ ಮೀಟರ್ ಜಾಗದಲ್ಲಿ ನೂರು ಕೋಟಿ ವರ್ಷಕ್ಕೆ ಸುಮಾರು ಒಂದು ಹೈಡ್ರೋಜನ್ ಪರಮಾಣು ಹುಟ್ಟಿದರೆ ಸಾಕು. ಅಷ್ಟು ಕಡಿಮೆ. ಹಾಗಾಗಿ ವಿಶ್ವಕ್ಕೆ ಮೊದಲ ದಿನ ಅಂತ ಬೇಕಾಗಿಲ್ಲ. ಎದುರು ಪಕ್ಷದವರು ಹೇಳುವುದು ಬೇರೆ: ಒಂದು ಕಾಲದಲ್ಲಿ ಎಲ್ಲವೂ ಬಹಳ ಒತ್ತಾಗಿ, ಬಹಳ ಬಿಸಿಯಾಗಿ ಇತ್ತು, ಅಲ್ಲಿಂದ ಹಿಗ್ಗುತ್ತಾ ಬಂದಿದೆ. ಅದನ್ನು ಬಿಗ್ ಬ್ಯಾಂಗ್ ಅಂತ ಮೊದಲು ಕರೆದವರು ಇದೇ ಹಾಯ್ಲ್, ರೇಡಿಯೋ ಭಾಷಣ ಒಂದರಲ್ಲಿ. ಆ ಹೆಸರೇ ಇವತ್ತಿಗೂ ಉಳಿದಿದೆ.

ಈಗ 1961ರ ಫೆಬ್ರವರಿಗೆ ಬನ್ನಿ. ಕೇಂಬ್ರಿಡ್ಜ್‌ನ ಇನ್ನೊಬ್ಬ ದೊಡ್ಡ ವಿಜ್ಞಾನಿ ಮಾರ್ಟಿನ್ ರೈಲ್ ಆಕಾಶದ ರೇಡಿಯೋ ಮೂಲಗಳನ್ನು, ಅಂದರೆ ರೇಡಿಯೋ ಅಲೆ ಹೊರಸೂಸುವ ಕಾಯಗಳನ್ನು ಎಣಿಸಿದ್ದರು. ದೂರದವು, ಮಂದವಾದವು ಲೆಕ್ಕಕ್ಕಿಂತ ಜಾಸ್ತಿ ಸಿಕ್ಕಿದವು. ದೂರ ನೋಡುವುದು ಅಂದರೆ ಹಳೆಯ ಕಾಲವನ್ನು ನೋಡುವುದು. ಹಿಂದೆ ಜಾಸ್ತಿ ಇದ್ದವು ಅಂದಮೇಲೆ ವಿಶ್ವ ಬದಲಾಗುತ್ತಾ ಬಂದಿದೆ ಅಂತ ಆಯಿತು, ಅಲ್ವಾ? ಸ್ಥಿರ ಸ್ಥಿತಿಗೆ ದೊಡ್ಡ ಪೆಟ್ಟು. ಲಂಡನ್ನಿನ ರಾಯಲ್ ಅಸ್ಟ್ರೊನಾಮಿಕಲ್ ಸೊಸೈಟಿಯ ಸಭೆಯಲ್ಲಿ ಉತ್ತರ ಕೊಡಬೇಕಿತ್ತು. ಹಾಯ್ಲ್‌ಗೆ ಆ ದಿನ ಬೇರೆ ಕೆಲಸ. ಎದ್ದು ನಿಂತು ಉತ್ತರ ಕೊಟ್ಟದ್ದು ಸಂಶೋಧನೆಗೆ ಸೇರಿ ಒಂದು ವರ್ಷವೂ ಆಗದ 22 ವರ್ಷದ ನಾರಳೀಕರ. ತುಂಬಿದ ಸಭೆ, ಎದುರಿಗೆ ರೈಲ್, ಕೈಯಲ್ಲಿ ಗುರುವಿನ ಜೊತೆ ಮಾಡಿದ ಲೆಕ್ಕ. ಹೆಚ್ಚಿನವರು ಒಪ್ಪದ ಮಾತನ್ನು ಗೌರವದಿಂದ, ದನಿ ಏರಿಸದೆ ಹೇಳುವುದು ಹೇಗೆ ಅನ್ನುವುದನ್ನು ಅವರು ಅಷ್ಟು ಚಿಕ್ಕ ವಯಸ್ಸಿನಲ್ಲೇ ಕಲಿಯಬೇಕಾಯಿತು.

1964ರಲ್ಲಿ ಹಾಯ್ಲ್ ಮತ್ತು ನಾರಳೀಕರ ಸೇರಿ ಗುರುತ್ವದ ಹೊಸ ಸಿದ್ಧಾಂತ ಮಂಡಿಸಿದರು. ಒಂದು ವಸ್ತುವಿಗೆ ದ್ರವ್ಯರಾಶಿ ಬರುವುದು ವಿಶ್ವದ ಉಳಿದ ಎಲ್ಲ ವಸ್ತುಗಳ ಸಂಬಂಧದಿಂದ ಅನ್ನುವುದು ಅದರ ಹೂರಣ. ಪತ್ರಿಕೆಗಳ ಮುಖಪುಟದಲ್ಲಿ ಸುದ್ದಿ ಬಂತು. 1965ರಲ್ಲಿ ಪದ್ಮಭೂಷಣ. ಆಗ ಅವರಿಗೆ ಇನ್ನೂ 26. ನಮ್ಮ ಅಪ್ಪನ ತಲೆಮಾರಿನವರು ಆ ಹೆಸರನ್ನು ಹೆಮ್ಮೆಯಿಂದ ಹೇಳುತ್ತಿದ್ದರು.

ಅದೇ 1965ರಲ್ಲಿ ಅಮೆರಿಕದ ಪೆಂಜಿಯಾಸ್ ಮತ್ತು ವಿಲ್ಸನ್ ಆಕಾಶದ ಎಲ್ಲ ದಿಕ್ಕಿನಿಂದಲೂ ಬರುವ ಒಂದು ಸಣ್ಣ ಬಿಸುಪಿನ ಸುದ್ದಿ ಪ್ರಕಟಿಸಿದರು. ಇನ್ನು ತಣ್ಣಗಾಗಲು ಸಾಧ್ಯವೇ ಇಲ್ಲ ಅನ್ನುವ ಪರಮ ಸೊನ್ನೆಗಿಂತ ಸುಮಾರು 3 ಕೆಲ್ವಿನ್ ಮೇಲೆ. ಹಳೆಯ ಬಿಸಿ ವಿಶ್ವದ ಉಳಿಕೆ ಅದು ಅಂತ ಹೆಚ್ಚಿನವರು ಒಪ್ಪಿದರು. ಒಬ್ಬೊಬ್ಬರೇ ಸ್ಥಿರ ಸ್ಥಿತಿಯನ್ನು ಬಿಟ್ಟು ಹೋದರು. ನಾರಳೀಕರ ಬಿಡಲಿಲ್ಲ. ಅದಕ್ಕೆ ಬೇರೆ ವಿವರಣೆ ಹುಡುಕಿದರು. 1993ರಲ್ಲಿ ಹಾಯ್ಲ್, ಜೆಫ್ರಿ ಬರ್ಬಿಜ್ ಜೊತೆ ಸೇರಿ ತಿದ್ದಿದ ಹೊಸ ರೂಪ ಮಂಡಿಸಿದರು. ವಿಶ್ವ ಹಿಗ್ಗುತ್ತದೆ, ಕುಗ್ಗುತ್ತದೆ, ಹೀಗೇ ಉಸಿರಾಡುತ್ತಾ ಸಾಗುತ್ತದೆ, ಅಲ್ಲಲ್ಲಿ ಸಣ್ಣ ಸಣ್ಣ ಸೃಷ್ಟಿಗಳು ನಡೆಯುತ್ತವೆ ಅನ್ನುವ ಚಿತ್ರ ಅದು. ಅದಕ್ಕೂ ಬೆಂಬಲ ಹೆಚ್ಚು ಸಿಗಲಿಲ್ಲ.

ಇನ್ನೊಂದು ಅನುಭವ ಅವರಿಗೆ ಕೇಂಬ್ರಿಡ್ಜ್‌ನಲ್ಲೇ ಆಯಿತು. 1966ರಲ್ಲಿ ಹಾಯ್ಲ್ ಅಲ್ಲಿ ಖಗೋಳ ಸಿದ್ಧಾಂತದ ಹೊಸ ಸಂಸ್ಥೆ ಕಟ್ಟಿದರು. ನಾರಳೀಕರ ಅದರ ಮೊದಲ ಸಿಬ್ಬಂದಿಯಲ್ಲಿ ಒಬ್ಬರು. ಆರು ವರ್ಷ ಆಗುವಷ್ಟರಲ್ಲಿ ವಿಶ್ವವಿದ್ಯಾಲಯದ ಒಳಜಗಳದಿಂದ ಬೇಸತ್ತು ಹಾಯ್ಲ್ ರಾಜೀನಾಮೆ ಕೊಟ್ಟು ಹೊರಟರು. ಸಂಸ್ಥೆ ಹೇಗೆ ಹುಟ್ಟುತ್ತದೆ, ಅದನ್ನು ಕಟ್ಟಿದವನ ಮನಸ್ಸು ಹೇಗೆ ಮುರಿಯುತ್ತದೆ ಎರಡನ್ನೂ ಶಿಷ್ಯ ಹತ್ತಿರದಿಂದ ನೋಡಿದರು. ಆಯುಕಾ ನಡೆದ ರೀತಿಯಲ್ಲಿ ಈ ನೋವಿನ ನೆನಪೂ ಇತ್ತು ಅಂತ ನನಗೆ ಅನ್ನಿಸುತ್ತದೆ. ಇದು ನನ್ನ ಊಹೆ.

1972ರಲ್ಲಿ ಭಾರತಕ್ಕೆ ಬಂದರು. ಮುಂಬೈ ಕೊಲಾಬಾದಲ್ಲಿ ಸಮುದ್ರದ ಪಕ್ಕದ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ. ಕಿಟಕಿಯಿಂದ ನೋಡಿದರೆ ಅಲೆ. ಒಳ್ಳೆಯ ಗ್ರಂಥಾಲಯ, ಒಳ್ಳೆಯ ವಿದ್ಯಾರ್ಥಿಗಳು. ಅಲ್ಲಿದ್ದಾಗಲೇ ಮರಾಠಿಯಲ್ಲಿ ಕಥೆ ಬರೆಯಲು ಶುರು ಮಾಡಿದರು. ಮರಾಠಿ ವಿಜ್ಞಾನ ಪರಿಷತ್ತಿನ ಕಥಾ ಸ್ಪರ್ಧೆಗೆ, ಬೆಳಕನ್ನೂ ಹೊರಬಿಡದ ಕಪ್ಪು ಕುಳಿಯ ಬಗ್ಗೆ ಒಂದು ಕಥೆ ಕಳಿಸಿದರು, ಆದರೆ ಹೆಸರು ಬದಲಿಸಿ. ಜ.ವಿ.ನಾ. ಅನ್ನುವುದನ್ನು ತಿರುಗಿಸಿ ನಾರಾಯಣ ವಿನಾಯಕ ಜಗತಾಪ ಅಂತ. ಕೈಬರಹ ಗುರುತು ಹಿಡಿಯಬಾರದು ಅಂತ ಹೆಂಡತಿ ಮಂಗಲಾ ಅವರಿಂದ ನಕಲು ಮಾಡಿಸಿದರು. ಮೊದಲ ಬಹುಮಾನ ಬಂತು. ಪದ್ಮಭೂಷಣದ ಹೆಸರಿಗೆ ಯಾರೂ ಬಹುಮಾನ ಕೊಡಬಾರದು, ಕಥೆಗೆ ಕೊಡಬೇಕು. ಈ ಒಂದು ಘಟನೆಯಲ್ಲಿ ಅವರ ಸ್ವಭಾವ ಪೂರ್ತಿ ಕಾಣುತ್ತದೆ. ಮಂಗಲಾ ಅವರು ಸ್ವತಃ ಗಣಿತಜ್ಞೆ. ಮೂವರು ಹೆಣ್ಣುಮಕ್ಕಳಲ್ಲಿ ಕಿರಿಯವಳಿಗೆ ಭಾಸ್ಕರಾಚಾರ್ಯರ ಲೀಲಾವತಿಯ ಹೆಸರು.

ಕೊಲಾಬಾದಲ್ಲೇ ನಿವೃತ್ತಿಯವರೆಗೆ ಆರಾಮವಾಗಿ ಇರಬಹುದಿತ್ತು. 1980ರ ದಶಕದ ಕೊನೆಯಲ್ಲಿ ಪ್ರೊಫೆಸರ್ ಯಶ್‌ಪಾಲ್ ವಿಶ್ವವಿದ್ಯಾಲಯಗಳಿಗೆ ಅನುದಾನ ಕೊಡುವ ಯುಜಿಸಿಯ ಅಧ್ಯಕ್ಷರಾಗಿದ್ದರು. ಅವರೂ ಹಿಂದೆ ಕೊಲಾಬಾದಲ್ಲೇ ಇದ್ದವರು. ನಮ್ಮ ದೇಶದಲ್ಲಿ ಒಂದು ಗೋಡೆ ಎದ್ದಿತ್ತು. ಸಂಶೋಧನೆ ಅಂದರೆ ದೊಡ್ಡ ಸಂಸ್ಥೆಗಳು, ಪಾಠ ಅಂದರೆ ವಿಶ್ವವಿದ್ಯಾಲಯಗಳು. ದುಡ್ಡು, ಉಪಕರಣ, ಪುಸ್ತಕ ಎಲ್ಲ ಆ ಕಡೆ. ಮಕ್ಕಳೆಲ್ಲ ಈ ಕಡೆ. ಒಂದೊಂದು ವಿಶ್ವವಿದ್ಯಾಲಯಕ್ಕೂ ದೊಡ್ಡ ದೂರದರ್ಶಕ ಕೊಡಿಸಲು ಆಗುವುದಿಲ್ಲ. ಆದರೆ ಎಲ್ಲರಿಗೂ ಸೇರಿ ಒಂದು ಮನೆ ಕಟ್ಟಬಹುದು. ಯಾರು ಬೇಕಾದರೂ ಬಂದು ಇದ್ದು ಕೆಲಸ ಮಾಡಿ ಹೋಗುವಂಥ ಮನೆ. 1988ರಲ್ಲಿ ಆಯುಕಾ ಹುಟ್ಟಿತು. ನಾರಳೀಕರ ಮೊದಲ ನಿರ್ದೇಶಕರಾದರು. ಜೊತೆಗೆ ಅಜಿತ್ ಕೆಂಭಾವಿ ಮತ್ತು ನರೇಶ್ ದಧೀಚ್. ಐವತ್ತನೆಯ ವಯಸ್ಸಿನಲ್ಲಿ, ಸಮುದ್ರದ ಕಿಟಕಿ ಬಿಟ್ಟು, ಸಿಮೆಂಟು, ಟೆಂಡರು, ನೇಮಕಾತಿಗಳ ನಡುವೆ ಬಂದು ಕೂತರು.

ನೀವು ಕೇಳಬಹುದು, ಅವರು ಕುಲಪತಿ ಆಗಲೇ ಇಲ್ಲವಲ್ಲ ಅಂತ. ನಿಜ. ಒಂದು ವಿಶ್ವವಿದ್ಯಾಲಯದ ಕುರ್ಚಿಯಲ್ಲಿ ಕೂರಲಿಲ್ಲ. ದೇಶದ ಎಲ್ಲ ವಿಶ್ವವಿದ್ಯಾಲಯಗಳಿಗೂ ಸೇರಿದ ಒಂದು ಅಂಗಳ ನೋಡಿಕೊಂಡರು.

ಈಗ ನನ್ನ ಕಥೆ. ನಾನು ಮೊದಲು ಪಾಠಕ್ಕೆ ಸೇರಿದ ಕಾಲೇಜು, ಹೆಸರು ಬೇಡ. ಅಲ್ಲಿ ಒಂದು ಸಣ್ಣ ದೂರದರ್ಶಕ ಇತ್ತು. ಬೀರುವಿನಲ್ಲಿ ಬೀಗ ಹಾಕಿ ಇಟ್ಟಿದ್ದರು. ಒಡೆದರೆ ಯಾರು ಹೊಣೆ ಅಂತ ಆರು ವರ್ಷ ಅದನ್ನು ಹೊರಗೆ ತೆಗೆಯಲು ಬಿಡಲಿಲ್ಲ. ಗ್ರಂಥಾಲಯದಲ್ಲಿ ಸಂಶೋಧನಾ ಪತ್ರಿಕೆಗಳ ಚಂದಾ ನಿಂತು ಎಷ್ಟೋ ವರ್ಷ ಆಗಿತ್ತು. ಹಳೆಯ ನೋಟ್ಸನ್ನೇ ವರ್ಷ ವರ್ಷ ಓದಿ ಹೇಳುತ್ತಿದ್ದೆ. ಒಳಗೆ ಒಣಗುತ್ತಾ ಇದ್ದೆ ಅಂತಲೇ ಹೇಳಬೇಕು. ತೊಂಬತ್ತರ ದಶಕದಲ್ಲಿ ಗೆಳತಿಯೊಬ್ಬಳು ಆಯುಕಾದಲ್ಲಿ ಕಾಲೇಜು ಅಧ್ಯಾಪಕರಿಗೆ ಶಿಬಿರ ಇದೆ ಬಾ ಅಂದಳು. ಹೋದೆ. ಅಸ್ಸಾಮಿನಿಂದ, ಕೇರಳದಿಂದ, ನಮ್ಮ ಕಲಬುರಗಿ ಕಡೆಯಿಂದ ನನ್ನ ಹಾಗೇ ಚಿಕ್ಕ ಊರುಗಳಲ್ಲಿ ಪಾಠ ಮಾಡುವವರು ಬಂದಿದ್ದರು. ಗ್ರಂಥಾಲಯದಲ್ಲಿ ಆ ತಿಂಗಳ ಪತ್ರಿಕೆ ಅದೇ ತಿಂಗಳು ಕೈಗೆ ಸಿಕ್ಕಿತು. ಆ ಹೊಸ ಕಾಗದದ ವಾಸನೆ ನನಗೆ ಇನ್ನೂ ನೆನಪಿದೆ. ಇಂಥ ಅಧ್ಯಾಪಕರಿಗಾಗಿಯೇ ಅಲ್ಲಿ ಅಸೋಸಿಯೇಟ್ ಅನ್ನುವ ಏರ್ಪಾಡಿದೆ. ಮೂರು ವರ್ಷದ ಅವಧಿ. ರಜೆಯಲ್ಲಿ ಬಂದು ಇರಬಹುದು, ಕಂಪ್ಯೂಟರ್ ಬಳಸಬಹುದು, ಅಲ್ಲಿನವರ ಜೊತೆ ಸೇರಿ ಪ್ರಬಂಧ ಬರೆಯಬಹುದು, ವಾಪಸ್ ಹೋಗಿ ತಮ್ಮ ಊರಿನ ಮಕ್ಕಳಿಗೆ ಕಲಿಸಬಹುದು. ಇವತ್ತು ದೇಶದ ಎಷ್ಟೋ ವಿಶ್ವವಿದ್ಯಾಲಯಗಳಲ್ಲಿ ಖಗೋಳ ಪಾಠ ಮಾಡುವವರು ಒಂದಲ್ಲ ಒಂದು ಸಲ ಆ ಊಟದ ಮನೆಯ ಬೆಂಚಿನ ಮೇಲೆ ಕೂತವರೇ.

ಕಟ್ಟಡದ ಬಗ್ಗೆ ಎರಡು ಮಾತು. ವಿನ್ಯಾಸ ಚಾರ್ಲ್ಸ್ ಕೊರಿಯಾ ಅವರದು. ನಡುವೆ ಕುಂಡ ಅನ್ನುವ ಇಳಿಜಾರು ಅಂಗಳ, ಕಲ್ಯಾಣಿಯ ಮೆಟ್ಟಿಲಿನ ನೆನಪು ತರುತ್ತದೆ. ಅಲ್ಲಿ ಆರ್ಯಭಟ, ಗೆಲಿಲಿಯೋ, ನ್ಯೂಟನ್, ಐನ್‌ಸ್ಟೈನ್ ನಾಲ್ವರ ಮೂರ್ತಿಗಳು. ಭೂಮಿ ತಿರುಗುವುದನ್ನು ತೋರಿಸುವ ಫೂಕೊ ಲೋಲಕ ಇದೆ. ಒಂದು ಸಭಾಂಗಣಕ್ಕೆ ಭಾಸ್ಕರನ ಹೆಸರು, ಇನ್ನೊಂದಕ್ಕೆ ಚಂದ್ರಶೇಖರರ ಹೆಸರು.

ಈಗ ನಾನು ಮೊದಲೇ ಹೇಳಿದ ಮಾತಿಗೆ ಬರುತ್ತೇನೆ. ಆ ಮನೆಗೆ ಅವರು ಯಾರನ್ನು ಕರೆದರು? ತಾಣು ಪದ್ಮನಾಭನ್ ಮುಂಬೈಯಲ್ಲಿ ಅವರ ಶಿಷ್ಯರು. 1992ರಲ್ಲಿ ಆಯುಕಾಕ್ಕೆ ಬಂದರು. ಪದ್ಮನಾಭನ್ ಮಾಡಿದ ದೊಡ್ಡ ಕೆಲಸಗಳಲ್ಲಿ ಒಂದು, ಬಿಗ್ ಬ್ಯಾಂಗ್ ಚಿತ್ರದ ಒಳಗೆ ಗೆಲಾಕ್ಸಿಗಳು ಹೇಗೆ ಹುಟ್ಟಿದವು ಅನ್ನುವುದು. ವರುಣ್ ಸಾಹ್ನಿ ಡಾರ್ಕ್ ಎನರ್ಜಿಯ ಬಗ್ಗೆ, ಅಂದರೆ ವಿಶ್ವ ಹಿಗ್ಗುವುದನ್ನು ಜೋರು ಮಾಡುವ ಕಾಣದ ಶಕ್ತಿಯ ಬಗ್ಗೆ ಕೆಲಸ ಮಾಡಿದರು. ಅದೂ ಅದೇ ಚಿತ್ರದ ಒಳಗಿನದು. ನಿರ್ದೇಶಕರ ಕೋಣೆಯಲ್ಲಿ ಒಂದು ವಿಶ್ವ, ಪಡಸಾಲೆಯ ಆಚೆ ಕೋಣೆಯಲ್ಲಿ ಇನ್ನೊಂದು ವಿಶ್ವ. ಮಧ್ಯಾಹ್ನ ಚಹಾಕ್ಕೆ ಇಬ್ಬರೂ ಒಂದೇ ಕಡೆ.

ನಮ್ಮ ವಿಭಾಗಗಳಲ್ಲಿ ಕೆಲಸ ಮಾಡಿದವರಿಗೆ ಇದರ ಬೆಲೆ ಗೊತ್ತು. ಮುಖ್ಯಸ್ಥರ ವಿಷಯ ಬಿಟ್ಟು ಬೇರೆ ವಿಷಯ ಹಿಡಿದ ಹುಡುಗನಿಗೆ ಗೈಡ್ ಸಿಗುವುದಿಲ್ಲ. ಅವರ ಪುಸ್ತಕ ತಪ್ಪು ಅಂದವನಿಗೆ ಬಡ್ತಿ ಸಿಗುವುದಿಲ್ಲ. ನಾನು ಇದನ್ನು ಕಣ್ಣಾರೆ ನೋಡಿದ್ದೇನೆ. ಅಧಿಕಾರ ಕೈಗೆ ಬಂದಮೇಲೆ ತನ್ನ ವಾದಕ್ಕೆ ಒಂದು ಸೈನ್ಯ ಕಟ್ಟಿಕೊಳ್ಳುವುದು ಬಹಳ ಸುಲಭ. ಜೀವನವಿಡೀ ಅಲ್ಪಮತದಲ್ಲಿ ಇದ್ದವರಿಗಂತೂ ಆ ಆಸೆ ಇನ್ನೂ ಜಾಸ್ತಿ ಆಗಬೇಕು. ಹೊರಗೆ ಯಾರೂ ಕೇಳದ ಮಾತನ್ನು ಒಳಗಾದರೂ ಕೇಳಲಿ ಅಂತ ಅನ್ನಿಸುವುದು ಸಹಜ. ಅವರು ಹಾಗೆ ಮಾಡಲಿಲ್ಲ. ತಮ್ಮ ವಾದವನ್ನು ಪ್ರಬಂಧಗಳಲ್ಲಿ ಬರೆದರು, ಸಭೆಗಳಲ್ಲಿ ಹೇಳಿದರು. ನೇಮಕಾತಿಯ ಟೇಬಲ್ಲಿಗೆ ಅದನ್ನು ತರಲಿಲ್ಲ.

ಇದರ ಫಲ ಏನು? ಒಂದು ಉದಾಹರಣೆ ಕೊಡುತ್ತೇನೆ, ಇದರಲ್ಲಿ ಕನ್ನಡದವರ ಪಾಲೂ ಇದೆ. ಎರಡು ಕಪ್ಪು ಕುಳಿಗಳು ಒಂದನ್ನೊಂದು ಸುತ್ತಿ ಸೇರಿದಾಗ ಜಾಗವೇ ಅಲುಗುತ್ತದೆ. ಆ ಅಲುಗಾಟ ಅಲೆಯಾಗಿ ಹರಡುತ್ತದೆ. ಅದೇ ಗುರುತ್ವ ಅಲೆ. ಭೂಮಿಗೆ ಬರುವ ಹೊತ್ತಿಗೆ ಅದು ಎಷ್ಟು ಸಣ್ಣದಾಗುತ್ತದೆ ಅಂದರೆ, ಉಪಕರಣದ ಗದ್ದಲದಲ್ಲಿ ಮುಳುಗಿಹೋಗಿರುತ್ತದೆ. ಜಾತ್ರೆಯ ಗದ್ದಲದಲ್ಲಿ ಮಗುವಿನ ದನಿ ಹುಡುಕಿದ ಹಾಗೆ. ಮಗುವಿನ ದನಿ ಹೇಗಿರುತ್ತದೆ ಅಂತ ಅಮ್ಮನಿಗೆ ಮೊದಲೇ ಗೊತ್ತಿದ್ದರೆ ಮಾತ್ರ ಸಿಗುತ್ತದೆ. ಹಾಗೇ ಅಲೆಯ ಆಕಾರಗಳನ್ನು ಮೊದಲೇ ಲೆಕ್ಕ ಹಾಕಿ, ಒಂದೊಂದನ್ನೂ ಗದ್ದಲದ ಜೊತೆ ಹೋಲಿಸಿ ನೋಡಬೇಕು. ಆಯುಕಾದ ಮೊದಲ ವರ್ಷಗಳಲ್ಲೇ ಸಂಜೀವ ಧುರಂಧರ ಈ ಕೆಲಸ ಹಿಡಿದರು. ಆಗ ಅಲೆಯನ್ನು ಹಿಡಿಯುವ ಯಂತ್ರವೇ ಸಿದ್ಧವಾಗಿರಲಿಲ್ಲ. ಬೆಂಗಳೂರಿನಲ್ಲಿ ಓದಿ ಬಂದ ಬಿ.ಎಸ್. ಸತ್ಯಪ್ರಕಾಶ್ ಧುರಂಧರರ ಜೊತೆ ಸೇರಿದರು. ಎಷ್ಟು ಆಕಾರಗಳು ಬೇಕು, ಹೇಗೆ ಆರಿಸಬೇಕು ಅನ್ನುವ ಬಗ್ಗೆ ಇಬ್ಬರೂ 1991ರಲ್ಲಿ ಬರೆದ ಪ್ರಬಂಧ ಈ ಕ್ಷೇತ್ರದ ಅಡಿಪಾಯಗಳಲ್ಲಿ ಒಂದು. 2015ರ ಸೆಪ್ಟೆಂಬರ್ 14ರಂದು ಅಮೆರಿಕದ ಲೈಗೋ ಯಂತ್ರಗಳಿಗೆ ಮೊದಲ ಅಲೆ ಸಿಕ್ಕಿತು. ಹತ್ತಿರ ಹತ್ತಿರ 25 ವರ್ಷ ಆಗಿತ್ತು.

ಆ ಅಲೆಯ ಕೊನೆಯ ಭಾಗ ಇದೆಯಲ್ಲ, ಸೇರಿದ ಕಪ್ಪು ಕುಳಿ ಗಂಟೆಯ ಹಾಗೆ ಕಂಪಿಸಿ ನಿಧಾನವಾಗಿ ಸುಮ್ಮನಾಗುವುದು. ಹಾಗೆ ಆಗುತ್ತದೆ ಅಂತ 1970ರಲ್ಲೇ ಲೆಕ್ಕ ಹಾಕಿ ತೋರಿಸಿದವರು ನಮ್ಮ ಬೆಂಗಳೂರಿನ ಸಿ.ವಿ. ವಿಶ್ವೇಶ್ವರ. ಅವರೂ ಆಮೇಲೆ ಮಕ್ಕಳಿಗಾಗಿ ಬೆಂಗಳೂರಿನ ನೆಹರು ತಾರಾಲಯ ಕಟ್ಟಿದರು. ಈಗ ಮಹಾರಾಷ್ಟ್ರದ ಹಿಂಗೋಲಿಯಲ್ಲಿ ಭಾರತದ ಲೈಗೋ ಬರುತ್ತಿದೆ. 2023ರಲ್ಲಿ ಕೇಂದ್ರ ಸಂಪುಟ ಒಪ್ಪಿಗೆ ಕೊಟ್ಟಿತು. ಯಂತ್ರವೇ ಇಲ್ಲದ ಕಾಲದಲ್ಲಿ ಅದರ ಲೆಕ್ಕ ಮಾಡುವವರಿಗೆ ಕೋಣೆ ಕೊಡುವುದು ಇದೆಯಲ್ಲ, ನಿರ್ದೇಶಕನ ಕೆಲಸ ಅಂದರೆ ಅದೇ ಅಂತ ನಾನು ತಿಳಿದಿದ್ದೇನೆ.

ಅವರು ಎಲ್ಲದರಲ್ಲೂ ಮೆತ್ತಗೆ ಇದ್ದರು ಅಂತ ತಿಳಿಯಬೇಡಿ. 2001ರಲ್ಲಿ ವಿಶ್ವವಿದ್ಯಾಲಯಗಳಲ್ಲಿ ವೈದಿಕ ಜ್ಯೋತಿಷ್ಯದ ಪದವಿ ತರಲು ಯುಜಿಸಿ ಹೊರಟಿತು. ಆಯುಕಾ ನಡೆಯುವುದು ಯುಜಿಸಿ ದುಡ್ಡಿನಿಂದ. ಅದರ ನಿರ್ದೇಶಕರಾಗಿದ್ದುಕೊಂಡೇ ನಾರಳೀಕರ ಬಹಿರಂಗವಾಗಿ ಬರೆದರು: ಇದು ವೈದಿಕವೂ ಅಲ್ಲ, ವಿಜ್ಞಾನವೂ ಅಲ್ಲ. ನನಗೆ ಆಗ ನೆನಪಾದವರು ನಮ್ಮ ಎಚ್. ನರಸಿಂಹಯ್ಯ. ಅವರೂ ಭೌತಶಾಸ್ತ್ರದವರು, ಓಹಿಯೋದಲ್ಲಿ ಪರಮಾಣು ಬೀಜ ವಿಜ್ಞಾನದಲ್ಲಿ ಪಿಎಚ್‌ಡಿ ಮಾಡಿದವರು. 1972ರಿಂದ 77ರ ತನಕ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿ. ಪವಾಡಗಳನ್ನು ಪರೀಕ್ಷಿಸಲು 1976ರಲ್ಲಿ ಸಮಿತಿಯನ್ನೇ ಮಾಡಿದರು. ಖಾದಿ ಪಂಚೆ, ಜುಬ್ಬ, ಟೋಪಿ, ಬಸವನಗುಡಿಯ ಹಾಸ್ಟೆಲ್ಲಿನ ಒಂದು ಕೋಣೆ. ಇಬ್ಬರ ಉಡುಗೆ ಬೇರೆ, ದಾರಿ ಬೇರೆ. ಆದರೆ ಕುರ್ಚಿ ಉಳಿಯಲಿ ಅಂತ ಮಾತು ನುಂಗಿದವರಲ್ಲ ಇಬ್ಬರೂ. ಕುಲಪತಿ ಅಂದ ತಕ್ಷಣ ನನ್ನ ಕಣ್ಣ ಮುಂದೆ ಬರುವ ಮುಖಗಳು ಇವೆರಡೇ.

ಜ್ಯೋತಿಷ್ಯವನ್ನು ಅವರು ಸುಮ್ನೆ ಬೈದು ಬಿಡಲಿಲ್ಲ. 2008ರಲ್ಲಿ, ಮೂಢನಂಬಿಕೆಯ ವಿರುದ್ಧ ಹೋರಾಡುತ್ತಿದ್ದ ನರೇಂದ್ರ ದಾಭೋಲ್ಕರ್ ಮೊದಲಾದವರ ಜೊತೆ ಸೇರಿ ಪರೀಕ್ಷೆಯೇ ಮಾಡಿದರು. 200 ಮಕ್ಕಳ ಜಾತಕ. 100 ಜನ ಓದಿನಲ್ಲಿ ಜಾಣರು, 100 ಜನ ಬುದ್ಧಿಮಾಂದ್ಯರು. ಯಾರ ಜಾತಕ ಯಾವುದು ಅಂತ ಹೇಳದೆ, ಒಬ್ಬೊಬ್ಬ ಜ್ಯೋತಿಷಿಗೆ 40 ಜಾತಕ ಕೊಟ್ಟರು. 27 ಜನ ಉತ್ತರ ಕಳಿಸಿದರು. ನಾಣ್ಯ ಚಿಮ್ಮಿದರೆ 40ಕ್ಕೆ 20 ಸರಿ ಬರಬೇಕು. ಎಲ್ಲರಿಗಿಂತ ಹೆಚ್ಚು ಸರಿ ಹೇಳಿದವರದು 24. ಸರಾಸರಿ ಅರ್ಧಕ್ಕಿಂತ ಕಡಿಮೆ. 200 ಜಾತಕವನ್ನೂ ನೋಡಿದ ಒಂದು ಸಂಸ್ಥೆಗೆ ಸರಿ ಬಂದದ್ದು 102. ದಾಭೋಲ್ಕರ್ ಅವರನ್ನು 2013ರ ಆಗಸ್ಟ್ 20ರಂದು ಇದೇ ಊರಿನ ಸೇತುವೆಯ ಮೇಲೆ ಕೊಂದರು. ಎರಡು ವರ್ಷದ ಮೇಲೆ ಧಾರವಾಡದಲ್ಲಿ ನಮ್ಮ ಎಂ.ಎಂ. ಕಲಬುರ್ಗಿ ಅವರನ್ನು, ಮನೆಯ ಬಾಗಿಲಲ್ಲೇ. ನಾನು ಓದಿದ ಊರು, ನಾನು ಬಾಳಿದ ಊರು. ಎರಡೂ ದಿನಗಳು ನನಗೆ ಮರೆಯುವುದಿಲ್ಲ.

ಮಕ್ಕಳ ವಿಷಯಕ್ಕೆ ಬರುತ್ತೇನೆ. ಎರಡನೆಯ ಶನಿವಾರ ಆಯುಕಾದಲ್ಲಿ ಶಾಲೆ ಮಕ್ಕಳಿಗೆ ಉಪನ್ಯಾಸ ಇರುತ್ತಿತ್ತು. ಚಂದ್ರಶೇಖರ ಸಭಾಂಗಣ ತುಂಬಿ ಮಕ್ಕಳು ಮೆಟ್ಟಿಲ ಮೇಲೆ ಕೂರುತ್ತಿದ್ದರು. ನಾರಳೀಕರ ಹಸ್ತಾಕ್ಷರ ಕೊಡುತ್ತಿರಲಿಲ್ಲ. ಅವರ ನಿಯಮ ಒಂದೇ: ಪೋಸ್ಟ್‌ಕಾರ್ಡಿನಲ್ಲಿ ಒಂದು ಪ್ರಶ್ನೆ ಬರೆದು ಕಳಿಸು, ಉತ್ತರ ಬರೆದು ಸಹಿ ಹಾಕಿ ಕಳಿಸುತ್ತೇನೆ. ಹಾಗೆ ಎಷ್ಟೋ ಮಕ್ಕಳಿಗೆ ಉತ್ತರ ಬರೆದರು. ನನ್ನ ಮಗನಿಗೆ ಆಗ ಹತ್ತು ವರ್ಷ. ಅಂಚೆ ಕಚೇರಿಗೆ ಹೋಗಿ ತಾನೇ ಕಾರ್ಡು ತಂದ. ಪ್ರಶ್ನೆ ಮಾತ್ರ ಹೊಳೆಯಲಿಲ್ಲ. ನೋಟ್‌ಬುಕ್ಕಿನಲ್ಲಿ ಬರೆಯುವುದು, ಪುಸ್ತಕ ನೋಡುವುದು, ಉತ್ತರ ಸಿಕ್ಕಿದರೆ ಹೊಡೆದು ಹಾಕುವುದು. ಅಷ್ಟು ದೊಡ್ಡವರಿಗೆ ಪುಸ್ತಕದಲ್ಲಿ ಸಿಗುವ ಪ್ರಶ್ನೆ ಕೇಳಬಾರದು ಅಂತ ಅವನ ಹಟ. ಹನ್ನೊಂದು ಪ್ರಶ್ನೆ ಹೊಡೆದು ಹಾಕಿದ. ಕಾರ್ಡು ಹೋಗಲೇ ಇಲ್ಲ. ಆ ನೋಟ್‌ಬುಕ್ ನನ್ನ ಹತ್ತಿರ ಇದೆ. ಅವನಿಗೆ ಆ ವರ್ಷ ನಾವು ಶಾಲೆಯಲ್ಲಿ ಕಲಿಸಿದ್ದಕ್ಕಿಂತ ಆ ಖಾಲಿ ಕಾರ್ಡು ಜಾಸ್ತಿ ಕಲಿಸಿತು.

ಆವರಣದಲ್ಲಿ ಮಕ್ಕಳಿಗೆಂದೇ ಒಂದು ವಿಜ್ಞಾನ ಕೇಂದ್ರ ಇದೆ, ಮುಕ್ತಾಂಗಣ. ಅದಕ್ಕೆ ಮರಾಠಿಯ ಹೆಸರಾಂತ ಸಾಹಿತಿ ಪು.ಲ. ದೇಶಪಾಂಡೆ ಅವರ ಪ್ರತಿಷ್ಠಾನದ ನೆರವು ಸಿಕ್ಕಿತು. ಪು.ಲ. ಹಿಂದೆ ಬೆಳಗಾವಿಯ ರಾಣಿ ಪಾರ್ವತಿದೇವಿ ಕಾಲೇಜಿನಲ್ಲಿ ಮರಾಠಿ ಕಲಿಸಿದವರು. ಈ ಕೇಂದ್ರದಲ್ಲಿ ಅರವಿಂದ ಗುಪ್ತಾ ಹತ್ತು ವರ್ಷಕ್ಕೂ ಹೆಚ್ಚು ಕಾಲ ಕೆಲಸ ಮಾಡಿದರು. ಬೆಂಕಿಕಡ್ಡಿ, ಸೈಕಲ್ ವಾಲ್ವ್ ಟ್ಯೂಬು, ಹಳೆ ಪತ್ರಿಕೆ, ಇವುಗಳಿಂದಲೇ ಆಟಿಕೆ ಮಾಡಿ ಮಕ್ಕಳಿಗೆ ವಿಜ್ಞಾನ ಕೊಟ್ಟವರು. ಕಪ್ಪು ಕುಳಿಯ ಲೆಕ್ಕ ಮಾಡುವ ಆವರಣದಲ್ಲೇ ಬೆಂಕಿಕಡ್ಡಿಯ ತ್ರಿಕೋನಕ್ಕೂ ಜಾಗ ಇತ್ತು.

2003ರಲ್ಲಿ ನಾರಳೀಕರ ನಿರ್ದೇಶಕ ಹುದ್ದೆ ಬಿಟ್ಟರು. ದಧೀಚ್ ಬಂದರು, ಆಮೇಲೆ ಕೆಂಭಾವಿ, ಆಮೇಲೆ ಸೋಮಕ್ ರಾಯ್‌ಚೌಧರಿ. ರಾಯ್‌ಚೌಧರಿ ಇದ್ದಾಗ, 2017ರಲ್ಲಿ, ಸುಮಾರು 400 ಕೋಟಿ ಜ್ಯೋತಿರ್ವರ್ಷ ದೂರದ ಗೆಲಾಕ್ಸಿಗಳ ಒಂದು ದೊಡ್ಡ ಗುಂಪನ್ನು ಪತ್ತೆ ಮಾಡಿ ಅದಕ್ಕೆ ಸರಸ್ವತಿ ಅಂತ ಹೆಸರಿಟ್ಟರು. ಅವರು 2023ರಲ್ಲಿ ಸೋನಿಪತ್‌ನ ಅಶೋಕ ವಿಶ್ವವಿದ್ಯಾಲಯಕ್ಕೆ ಕುಲಪತಿಯಾಗಿ ಹೋದರು. ಆಕಾಶ ನೋಡುವವರು ವಿಶ್ವವಿದ್ಯಾಲಯ ನಡೆಸುವ ದಾರಿ ಆ ಮನೆಯಿಂದಲೇ ಹೊರಟಿದೆ.

ಮಾತು ಮುಗಿಸುವ ಹೊತ್ತಿಗೆ ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ಎದ್ದು ನಿಂತು ಕೇಳಿದಳು: ಹಾಗಾದರೆ ಅವರು ತಪ್ಪಾ? ಅದನ್ನೂ ಇಲ್ಲಿ ಬರೆಯುತ್ತೇನೆ. ವಿಶ್ವದ ವಿಷಯದಲ್ಲಿ ಸಾಕ್ಷಿಗಳು ಎದುರು ಪಕ್ಷದ ಕಡೆಗಿವೆ ಅಂತ ನೇರವಾಗಿ ಹೇಳಿದೆ. ಆ 3 ಕೆಲ್ವಿನ್ ಬಿಸುಪನ್ನು ಉಪಗ್ರಹಗಳು ಬಹಳ ನಿಖರವಾಗಿ ಅಳೆದಿವೆ. ಬಿಗ್ ಬ್ಯಾಂಗ್ ಚಿತ್ರಕ್ಕೆ ಅದು ಚೆನ್ನಾಗಿ ಹೊಂದುತ್ತದೆ. ಅವಳು ಬಿಡಲಿಲ್ಲ. ಅಷ್ಟೆಲ್ಲ ಗೊತ್ತಿದ್ದೂ ಅವರು ಯಾಕೆ ಬದಲಾಗಲಿಲ್ಲ? ನಾನು ಅವಳಿಗೆ ಒಂದು ಪ್ರಯೋಗದ ವಿಷಯ ಹೇಳಿದೆ. ಜೀವ ಬಾಹ್ಯಾಕಾಶದಿಂದ ಬಂದಿರಬಹುದು ಅನ್ನುವುದು ಹಾಯ್ಲ್ ಅವರ ಇನ್ನೊಂದು ಒಪ್ಪಿಗೆಯಾಗದ ಮಾತು. ನಾರಳೀಕರ ಅದನ್ನು ವಾದಕ್ಕೆ ಬಿಡದೆ, 2001ರಲ್ಲಿ ಮತ್ತು 2005ರಲ್ಲಿ ಹೈದರಾಬಾದಿನಿಂದ ಬಲೂನು ಹಾರಿಸಿ 41 ಕಿಲೋಮೀಟರ್ ಎತ್ತರದವರೆಗಿನ ಗಾಳಿ ತರಿಸಿದರು. ಜೀವಾಣುಗಳು ಸಿಕ್ಕವು. ಮೂರು ಹೊಸ ಬಗೆ. ಒಂದಕ್ಕೆ ಗುರುವಿನ ಹೆಸರೇ ಇಟ್ಟರು. ಅವು ಮೇಲಿನಿಂದ ಬಂದವೋ, ಭೂಮಿಯಿಂದಲೇ ಹೋದವೋ ಅನ್ನುವುದು ಇನ್ನೂ ತೀರ್ಮಾನ ಆಗಿಲ್ಲ. ತನ್ನ ನಂಬಿಕೆಯನ್ನು ಪರೀಕ್ಷೆಗೆ ಒಡ್ಡಲು ಅವರು ಯಾವತ್ತೂ ಹಿಂದೆ ಸರಿಯಲಿಲ್ಲ. ಪರೀಕ್ಷೆ ಮಾಡುವವರು ಬೇರೆಯವರಾದರೂ ಅವರಿಗೆ ಸರಿ. ಅದಕ್ಕೇ ಆ ಮನೆಯಲ್ಲಿ ಅವರು ಯಾರ ಬಾಯಿಯನ್ನೂ ಮುಚ್ಚಿಸಲಿಲ್ಲ. ಹುಡುಗಿ ಇನ್ನೂ ಪೂರ್ತಿ ಒಪ್ಪಿದ ಹಾಗೆ ಕಾಣಲಿಲ್ಲ. ನನಗೆ ಅದು ಖುಷಿಯಾಯಿತು.

ಫೆಬ್ರವರಿ 28 ವಿಜ್ಞಾನ ದಿನ. ಆ ದಿನ ಆಯುಕಾದ ಬಾಗಿಲು ಊರಿನವರಿಗೆಲ್ಲ ತೆರೆಯುವ ರೂಢಿ ಇದೆ. ಮಕ್ಕಳನ್ನು ಕರೆದುಕೊಂಡು ಹೋಗಿ. ಬೆಳಿಗ್ಗೆ ಬೇಗ ಹೊರಡಿ, ಸಾಲು ಉದ್ದ ಇರುತ್ತದೆ. ಕುಂಡದ ಮೆಟ್ಟಿಲ ಮೇಲೆ ಸ್ವಲ್ಪ ಹೊತ್ತು ಕೂತು ಬನ್ನಿ. ನಾನೂ ಅಲ್ಲೇ ಇರುತ್ತೇನೆ, ಕನ್ನಡದಲ್ಲಿ ಮಾತಾಡೋಣ.